ದಹ್ರಾನ್ ಟೆಲಿವಿಷನ್: ತಡರಾತ್ರಿಯ ನಗೆ, ಸಂಗೀತ, ಹರಟೆ

ದಹ್ರಾನ್ ಸೌದಿ ಅರೇಬಿಯದ ಪೂರ್ವ ಪ್ರಾಂತದ ತೈಲನಗರ. ದಮ್ಮಾಮ್ ಮತ್ತು ಖೋಬರ್ ಜೊತೆ ಬೆರೆತು ಈಗ ಒಂದೇ ಮಹಾನಗರದಂತೆ ಕಾಣುತ್ತದೆ. 1938ರ ಮಾರ್ಚ್‌ನಲ್ಲಿ ಇಲ್ಲಿನ ‘ದಮ್ಮಾಮ್ 7’ ಬಾವಿಯಲ್ಲಿ ಎಣ್ಣೆ ಧಾರಾಳವಾಗಿ ಉಕ್ಕಿದ ಮೇಲೆ ಊರು ಹುಟ್ಟಿತು. ಹಾಗಾಗಿ ಭೂಗೋಳದ ಪುಸ್ತಕಗಳೆಲ್ಲ ಇದನ್ನು ಎಣ್ಣೆಯಿಂದಲೇ ಗುರುತಿಸುತ್ತವೆ. ಸೌದಿ ಅರೇಬಿಯದ ಮೊದಲ ಟೆಲಿವಿಷನ್ ಕೇಂದ್ರ ತಲೆಯೆತ್ತಿದ್ದೂ ಇಲ್ಲೇ ಎಂಬುದು ಅಷ್ಟಾಗಿ ಪ್ರಚಾರವಾಗಿಲ್ಲ. ರಿಯಾದ್, ಜೆದ್ದಾಗಳಲ್ಲಿ ಸರ್ಕಾರಿ ಟಿವಿ ಬರುವುದಕ್ಕೆ ಸುಮಾರು ಹತ್ತು ವರ್ಷ ಮೊದಲೇ ದಹ್ರಾನ್‌ನ ಮನೆಗಳಲ್ಲಿ ಪರದೆ ಬೆಳಗುತ್ತಿತ್ತು.

ಈ ಲೇಖನದ ವಿಷಯ ಆ ಪರದೆಯ ಮೇಲಿನ ನಗೆ ಮತ್ತು ಸಂಗೀತ. ಅಮೆರಿಕದಲ್ಲಿ ‘ಲೇಟ್ ನೈಟ್ ಟಾಕ್ ಶೋ’ ಎಂದು ಹೆಸರಾದ ಪ್ರಕಾರ ಸಿನಿಮಾ ಮಂದಿರವಿಲ್ಲದ, ಟಿಕೆಟ್ ಕೊಟ್ಟು ನಾಟಕ ನೋಡುವ ರೂಢಿಯಿಲ್ಲದ ಒಂದು ಊರಿಗೆ ತುಂಡುತುಂಡಾಗಿ, ಕತ್ತರಿಸಿಕೊಂಡು, ಬೇರೆ ಬೇರೆ ದಾರಿಯಲ್ಲಿ ಹೇಗೆ ಬಂದು ಸೇರಿತು ಎಂಬ ಕಥೆ ಇದು. ಹಾಸ್ಯಗಾರನಿಗೂ ಹಾಡುಗಾರನಿಗೂ ಸಾರ್ವಜನಿಕ ರಂಗ ಸಿಗದ ದಶಕಗಳಲ್ಲಿ ಈ ಊರಿಗೆ ಪರದೆಯೇ ರಂಗಮಂಟಪವಾಗಿತ್ತು.

ಪ್ರಕಾರದ ಲಕ್ಷಣ

ತಡರಾತ್ರಿಯ ಟಾಕ್ ಶೋವನ್ನು ಬರೀ ಸಂದರ್ಶನ ಎಂದುಕೊಂಡರೆ ಅದರ ಅರ್ಧ ತಪ್ಪಿಹೋಗುತ್ತದೆ. ಎನ್‌ಬಿಸಿಯ ‘ದಿ ಟುನೈಟ್ ಶೋ’ 1954ರ ಸೆಪ್ಟೆಂಬರ್ 27ರಂದು ಸ್ಟೀವ್ ಆಲೆನ್ ನಿರೂಪಣೆಯಲ್ಲಿ ದೇಶವ್ಯಾಪಿ ಪ್ರಸಾರಕ್ಕೆ ಬಂತು. ಆಲೆನ್ ಸ್ವತಃ ಪಿಯಾನೊ ನುಡಿಸುವವರು, ಹಾಡು ಕಟ್ಟುವವರು. 1957ರಲ್ಲಿ ಜ್ಯಾಕ್ ಪಾರ್ ಬಂದರು. 1962ರ ಅಕ್ಟೋಬರ್ 1ರಿಂದ 1992ರ ಮೇ 22ರವರೆಗೆ, ಮೂವತ್ತು ವರ್ಷ, ಆ ಕುರ್ಚಿ ಜಾನಿ ಕಾರ್ಸನ್ ಅವರದಾಗಿತ್ತು. ಇಂದಿಗೂ ‘ಕ್ಲಾಸಿಕ್’ ಎಂದು ಜನ ಹೇಳುವುದು ಈ ಮೂವತ್ತು ವರ್ಷಗಳ ಅಚ್ಚನ್ನೇ.

ಆ ಅಚ್ಚು ಸರಳ. ಬ್ಯಾಂಡ್ ಶೀರ್ಷಿಕೆ ಸಂಗೀತ ನುಡಿಸುತ್ತದೆ, ಸಹನಿರೂಪಕ ಎಡ್ ಮೆಕ್‌ಮಹೊನ್ ಹೆಸರನ್ನು ಎಳೆದು ಕೂಗುತ್ತಾರೆ, ಬಣ್ಣದ ಪರದೆ ಸರಿಸಿ ನಿರೂಪಕ ಹೊರಬರುತ್ತಾನೆ. ಅಂದಿನ ಸುದ್ದಿ ಹಿಡಿದು ಐದಾರು ನಿಮಿಷ ನಗಿಸುತ್ತಾನೆ. ಆಮೇಲೆ ಮೇಜು, ಅತಿಥಿಗಳ ಸೋಫಾ, ನಡುವೆ ಒಂದು ಕಿರುಪ್ರಹಸನ, ಕೊನೆಗೆ ಹಾಡು ಅಥವಾ ಹೊಸ ಹಾಸ್ಯಗಾರನ ಪ್ರವೇಶ. ಬ್ಯಾಂಡ್ ನಾಯಕ ಡಾಕ್ ಸೆವೆರಿನ್‌ಸನ್ ತುತ್ತೂರಿ ವಾದಕರು. 1967ರಿಂದ ಕೊನೆಯವರೆಗೂ ಅವರೇ ಇದ್ದರು. ಅವರ ಝಗಮಗ ಅಂಗಿಗಳೇ ಒಂದು ಹಾಸ್ಯದ ವಸ್ತು. ಶೀರ್ಷಿಕೆ ಸಂಗೀತ ಪಾಲ್ ಆಂಕಾ ಅವರದು. ಹವ್ಯಾಸಕ್ಕೆ ಡ್ರಮ್ ಬಾರಿಸುತ್ತಿದ್ದ ಕಾರ್ಸನ್‌ಗೂ ಅದರ ಸಹಕರ್ತೃವೆಂಬ ಮನ್ನಣೆ, ರಾಯಧನ ಎರಡೂ ಸಿಕ್ಕವು.

ಈ ಪ್ರಕಾರದಲ್ಲಿ ಬ್ಯಾಂಡ್ ಬರೀ ಅಲಂಕಾರವಲ್ಲ. ನಗೆಮಾತು ನೆಲಕಚ್ಚಿದಾಗ ಡ್ರಮ್ಮಿನ ಒಂದು ಪೆಟ್ಟು ಅದನ್ನು ಎತ್ತಿ ನಿಲ್ಲಿಸುತ್ತದೆ. ಮನೆಯವರಿಗೆ ಜಾಹೀರಾತು ಕಾಣುವ ಹೊತ್ತಿನಲ್ಲಿ ಸಭಿಕರು ತಣ್ಣಗಾಗದಂತೆ ಅದು ನುಡಿಸುತ್ತಲೇ ಇರುತ್ತದೆ. ಪ್ರೇಕ್ಷಕರು ಹೆಸರು ಹೇಳಿದ ಹಾಡು ಬ್ಯಾಂಡಿಗೆ ಬಾರದಿದ್ದರೆ ಅವರಿಗೆ ಬಹುಮಾನ ಎಂಬ ಆಟವೂ ಕಾರ್ಸನ್ ಕಾಲದಲ್ಲಿ ಜನಪ್ರಿಯವಾಗಿತ್ತು. ಕನ್ನಡದ ಓದುಗನಿಗೆ ಇದನ್ನು ವಿವರಿಸಲು ಬಹಳ ದೂರ ಹೋಗಬೇಕಾಗಿಲ್ಲ. ಯಕ್ಷಗಾನದಲ್ಲಿ ಹಾಸ್ಯಗಾರ ಮಾತಿಗೆಳೆಯುವುದು ಮೊದಲು ಭಾಗವತರನ್ನೇ. ಚೆಂಡೆ ಮದ್ದಳೆಯವರು ಆ ಮಾತಿಗೆ ಪೆಟ್ಟಿನಲ್ಲಿ ಉತ್ತರ ಕೊಡುತ್ತಾರೆ. ದಿನದ ಸುದ್ದಿಯನ್ನು ರಂಗದ ಮೇಲೇ ಹಿಡಿದು ಹಿಂಡುವುದರಲ್ಲಿ ಮಾಸ್ಟರ್ ಹಿರಣ್ಣಯ್ಯನವರಿಗೆ ಎಣೆಯಿರಲಿಲ್ಲ. ‘ಲಂಚಾವತಾರ’ ನಾಟಕಕ್ಕೆ ಎರಡನೇ ಸಲ ಹೋದವರು ಕಥೆಗಾಗಿ ಹೋದವರಲ್ಲ, ಇವತ್ತು ಯಾರನ್ನು ಬೈಯುತ್ತಾರೆ ಎಂದು ಕೇಳಲು ಹೋದವರು. ಟಾಕ್ ಶೋದ ಆರಂಭದ ಮಾತಿಗೂ ಅದೇ ಆಕರ್ಷಣೆ.

ವಾಯುನೆಲೆಯ ಕೇಂದ್ರ

ದಹ್ರಾನ್ ವಾಯುನೆಲೆಯನ್ನು ಎರಡನೇ ಮಹಾಯುದ್ಧದ ಕೊನೆಯಲ್ಲಿ ಅಮೆರಿಕ ಕಟ್ಟಿತು. ಅಲ್ಲಿ 1955ರ ಜೂನ್‌ನಲ್ಲಿ ಎಜೆಎಲ್-ಟಿವಿ ಎಂಬ ಪುಟ್ಟ ಕೇಂದ್ರ ಪ್ರಸಾರ ಆರಂಭಿಸಿತು. ‘ಮರುಭೂಮಿಯ ಕಣ್ಣು’ ಎಂದು ಅದು ತನ್ನನ್ನು ಕರೆದುಕೊಳ್ಳುತ್ತಿತ್ತು. ಶಕ್ತಿ ಕಡಿಮೆ, ಚಿತ್ರ ಕಪ್ಪು ಬಿಳುಪು, ಉದ್ದೇಶ ಸೈನಿಕರ ಬೇಸರ ಕಳೆಯುವುದು. ಕಾರ್ಯಕ್ರಮಗಳು ಅಮೆರಿಕದ ಸಶಸ್ತ್ರ ಪಡೆಗಳ ಪ್ರಸಾರ ಸೇವೆಯಿಂದ ಫಿಲ್ಮ್ ಸುರುಳಿಗಳಲ್ಲಿ ಬರುತ್ತಿದ್ದವು. ಟಿವಿ ಪರದೆಯ ಎದುರು ಫಿಲ್ಮ್ ಕ್ಯಾಮೆರಾ ಇಟ್ಟು ತೆಗೆದ ಪ್ರತಿಗಳು ಅವು. ಸೇವೆಯವರು ಜಾಹೀರಾತುಗಳನ್ನು ಕತ್ತರಿಸಿಯೇ ಕಳಿಸುತ್ತಿದ್ದರು.

ಜಾಹೀರಾತು ಕತ್ತರಿಸುವುದು ಚಿಕ್ಕ ಸಂಗತಿಯಂತೆ ಕಾಣುತ್ತದೆ. ಆದರೆ ಆ ಕಾಲದ ಅಮೆರಿಕನ್ ಹಾಸ್ಯದಲ್ಲಿ ಪ್ರಾಯೋಜಕನನ್ನು ಕೆಣಕುವುದೇ ಅರ್ಧ ತಮಾಷೆ. ಬ್ಯಾಂಡಿನ ಬಿಡುವಿನ ಸಂಗೀತ ಇರುವುದೂ ಜಾಹೀರಾತಿನ ಅಂಚಿನಲ್ಲೇ. ಅವನ್ನು ತೆಗೆದಾಗ ಜೊತೆಗೆ ಕಾರ್ಯಕ್ರಮದ ಉಸಿರಾಟವೂ ಕೊಂಚ ಹೋಗುತ್ತದೆ. ಈ ಕೇಂದ್ರ ಬಹಳ ಕಾಲ ಉಳಿಯಲಿಲ್ಲ. ನೆಲೆಯ ಒಪ್ಪಂದ ನವೀಕರಣವಾಗದೆ 1962ರ ಏಪ್ರಿಲ್‌ನಲ್ಲಿ ಮುಗಿಯಿತು, ಅಮೆರಿಕನ್ನರ ಕೇಂದ್ರವೂ ಅವರ ಜೊತೆಗೇ ಕಣ್ಣು ಮುಚ್ಚಿತು. ಕಾರ್ಸನ್ ಕುರ್ಚಿ ಹತ್ತಿದ್ದು ಅದೇ ವರ್ಷದ ಅಕ್ಟೋಬರ್‌ನಲ್ಲಿ.

ಅರಾಮ್ಕೊ ಟಿವಿ

ಅಷ್ಟರಲ್ಲಿ ಊರಿನಲ್ಲಿ ಎರಡನೆಯ ಕೇಂದ್ರ ಬೇರು ಬಿಟ್ಟಾಗಿತ್ತು. ತೈಲ ಕಂಪನಿ ಅರಾಮ್ಕೊ 1957ರ ಸೆಪ್ಟೆಂಬರ್ 16ರಂದು ತನ್ನದೇ ಟಿವಿ ಆರಂಭಿಸಿತು. ಇದು ಸೈನಿಕರಿಗಾಗಿ ಇದ್ದದ್ದಲ್ಲ, ಮುಖ್ಯವಾಗಿ ಕಂಪನಿಯ ಸೌದಿ ನೌಕರರಿಗೆ, ಅವರ ಮನೆಯವರಿಗೆ. ಭಾಷೆ ಅರಬ್ಬಿ. 1953ರಲ್ಲೂ 1956ರಲ್ಲೂ ಅರಾಮ್ಕೊದ ಕಾರ್ಮಿಕರು ಮುಷ್ಕರ ಹೂಡಿದ್ದರು. ಕೈರೋದ ‘ಸೌತ್ ಅಲ್-ಅರಬ್’ ರೇಡಿಯೊ ಪ್ರತಿ ಸಂಜೆ ಈಜಿಪ್ಟಿನ ಅಧ್ಯಕ್ಷ ನಾಸರ್‌ನ ಮಾತನ್ನು ಕೊಲ್ಲಿಯ ತೀರಕ್ಕೆ ಮುಟ್ಟಿಸುತ್ತಿತ್ತು. ಅಂಥ ಹೊತ್ತಿನಲ್ಲಿ ಕಂಪನಿಯೊಂದು ಬರೀ ಔದಾರ್ಯಕ್ಕಾಗಿ ಟಿವಿ ಕೇಂದ್ರ ಕಟ್ಟಿತೆಂದು ನಂಬುವುದು ಕಷ್ಟ. ಕೆಲಸ ಮುಗಿಸಿದವನು ಸಂಜೆ ರೇಡಿಯೊ ಸುತ್ತ ಕೂರುವ ಬದಲು ಮನೆಯಲ್ಲಿ ಪರದೆಯ ಎದುರು ಕೂರಲಿ ಎಂಬ ಲೆಕ್ಕಾಚಾರ ಅಲ್ಲಿತ್ತು ಎಂದು ಊಹಿಸಿದರೆ ತಪ್ಪಾಗಲಾರದು.

ಕಾರ್ಯಕ್ರಮಗಳಲ್ಲಿ ಅಕ್ಷರ ಕಲಿಸುವ ಪಾಠ, ಸುರಕ್ಷತೆಯ ಉಪದೇಶ, ಆರೋಗ್ಯ, ಮಕ್ಕಳ ಕಾರ್ಯಕ್ರಮ, ಚಲನಚಿತ್ರ ಎಲ್ಲ ಇದ್ದವು. ಕಂಪನಿಯ ಶಾಲೆಯಲ್ಲಿ ಮೇಷ್ಟ್ರಾಗಿದ್ದ ಫಹ್ಮಿ ಬಸ್ರಾವಿ ಪರದೆಯ ಮೇಲೂ ಪಾಠ ಹೇಳಿದರು, ರಸಪ್ರಶ್ನೆ ನಡೆಸಿದರು, ಪೂರ್ವ ಪ್ರಾಂತದ ಮೊದಲ ಟಿವಿ ತಾರೆಯಾದರು. ಟಾಕ್ ಶೋ ನಿರೂಪಕನಿಗೆ ದಹ್ರಾನ್‌ನಲ್ಲಿ ಮೂಲಪುರುಷನನ್ನು ಹುಡುಕುವುದಾದರೆ ಈ ಮೇಷ್ಟ್ರನ್ನೇ ಹೆಸರಿಸಬೇಕು. ನೇರವಾಗಿ ನೋಡುಗನ ಕಣ್ಣಿಗೆ ಕಣ್ಣು ಕೊಟ್ಟು, ಊರಿನ ಮಾತಿನಲ್ಲಿ, ಒಬ್ಬ ಸಾಮಾನ್ಯ ಮನುಷ್ಯ ಮಾತನಾಡುವುದನ್ನು ಆ ಜನ ಪರದೆಯ ಮೇಲೆ ನೋಡಿದ್ದು ಆಗಲೇ.

ಅರಾಮ್ಕೊ ಟಿವಿಯ ನಿಜವಾದ ವೈಶಿಷ್ಟ್ಯ ಅದರ ಧ್ವನಿ ವ್ಯವಸ್ಥೆ. ಅಮೆರಿಕದ ಚಿತ್ರಗಳಿಗೆ, ಧಾರಾವಾಹಿಗಳಿಗೆ ದಹ್ರಾನ್‌ನಲ್ಲೇ ಅರಬ್ಬಿ ಮಾತು ಕೂಡಿಸುತ್ತಿದ್ದರು. ಟಿವಿಯಲ್ಲಿ ಚಿತ್ರದ ಜೊತೆ ಅರಬ್ಬಿ ಬರುತ್ತಿತ್ತು, ಅದೇ ಹೊತ್ತಿಗೆ ರೇಡಿಯೊದಲ್ಲಿ ಮೂಲ ಇಂಗ್ಲಿಷ್ ಧ್ವನಿ ಬರುತ್ತಿತ್ತು. ಕಂಪನಿಯ ವಸತಿ ಕ್ಯಾಂಪಿನ ಅಮೆರಿಕನ್ ಮನೆಗಳಲ್ಲಿ ಟಿವಿಯ ದನಿ ತಗ್ಗಿಸಿ ಪಕ್ಕದಲ್ಲಿ ರೇಡಿಯೊ ಹಚ್ಚಿಟ್ಟರೆ ಕೆಲಸ ಆಯಿತು. ಒಂದೇ ಚಿತ್ರ, ಬೇಲಿಯ ಈಚೆಗೊಂದು ಭಾಷೆ, ಆಚೆಗೊಂದು ಭಾಷೆ. ಬೇಲಿ ಇಲ್ಲಿ ಅಲಂಕಾರದ ಮಾತಲ್ಲ. ಅಮೆರಿಕನ್ ನೌಕರರ ವಸತಿಗೂ ಸೌದಿ ಕಾರ್ಮಿಕರ ವಸತಿಗೂ ನಡುವೆ ನಿಜವಾಗಿ ಬೇಲಿಯಿತ್ತು.

ಗಂಭೀರ ಕಥೆಗೆ ಡಬ್ಬಿಂಗ್ ಮಾಡುವುದು ಸುಲಭ, ನಗೆಗೆ ಕಷ್ಟ. ಮೂಲ ಪ್ರತಿಯಲ್ಲಿ ಮಾತು, ಸಭಿಕರ ನಗು, ವಾದ್ಯ ಮೂರೂ ಒಂದೇ ಪಟ್ಟಿಯಲ್ಲಿ ಬೆರೆತಿದ್ದರೆ ಮಾತನ್ನು ಅಳಿಸಹೋದಾಗ ನಗುವೂ ಅಳಿಸುತ್ತದೆ, ವಾದ್ಯವೂ ಅಳಿಸುತ್ತದೆ. ಅರಬ್ಬಿಯಲ್ಲಿ ಅದೇ ಮಾತು ಹೇಳಿದವನ ಹಿಂದೆ ನಗುವವರು ಯಾರೂ ಇರುವುದಿಲ್ಲ. ಶ್ಲೇಷೆಯಂತೂ ಗಡಿ ದಾಟುವುದೇ ಇಲ್ಲ. ಬಿದ್ದು ಏಳುವ, ಬೆನ್ನಟ್ಟುವ, ಮುಖ ಸೊಟ್ಟಗೆ ಮಾಡುವ ನಗೆ ಯಾವ ಭಾಷೆಗಾದರೂ ಸಲ್ಲುತ್ತದೆ. ಸುದ್ದಿ ಹಿಡಿದು ನಿಂತಲ್ಲೇ ಆಡುವ ಟಾಕ್ ಶೋದ ನಗೆ ಮಾತ್ರ ಒಂದು ವಾರದಲ್ಲಿ ಹಳಸುತ್ತದೆ, ಹಡಗಿನಲ್ಲೋ ವಿಮಾನದಲ್ಲೋ ಸುರುಳಿ ಬರುವಷ್ಟರಲ್ಲಿ ಅದಕ್ಕೆ ಅಡಿಟಿಪ್ಪಣಿ ಬೇಕಾಗುತ್ತದೆ. ದಹ್ರಾನ್‌ನಲ್ಲಿ ಈ ಡಬ್ಬಿಂಗ್ ಭರದಿಂದ ಸಾಗಿದ್ದ 1960ರ ದಶಕದಲ್ಲೇ ಬೆಂಗಳೂರಿನಲ್ಲಿ ಅ.ನ.ಕೃ., ಮ. ರಾಮಮೂರ್ತಿ ಮೊದಲಾದವರ ಮುಂದಾಳತ್ವದ ಚಳವಳಿ ಡಬ್ಬಿಂಗ್ ಚಿತ್ರಗಳನ್ನು ಕನ್ನಡದಿಂದ ಹೊರಗಟ್ಟುತ್ತಿತ್ತು ಎಂಬುದು ಒಂದು ಕಾಕತಾಳೀಯ. ಅಲ್ಲಿ ನಾಡಿನ ಭಾಷೆಗೆ ಆಸರೆಯಾಗಿ ಬಂದದ್ದು ಇಲ್ಲಿ ನಾಡಿನ ಭಾಷೆಗೆ ಅಪಾಯವೆಂದು ಕಂಡಿತು. ಒಂದೊಂದು ನೆಲದ ಲೆಕ್ಕ ಒಂದೊಂದು.

ಕತ್ತರಿಯ ಕೆಲಸವೂ ಬೇಕಾದಷ್ಟಿತ್ತು. ಚುಂಬನ, ಮದ್ಯ, ಅನ್ಯಮತದ ಪೂಜೆ, ಇಂಥವೆಲ್ಲ ಹೋಗುತ್ತಿದ್ದವು. ನಾಯಕ ನಾಯಕಿ ಹತ್ತಿರ ಬರುತ್ತಾರೆ, ಚಿತ್ರ ಜಿಗಿಯುತ್ತದೆ, ಇಬ್ಬರೂ ಎರಡು ಗಜ ದೂರ ನಿಂತಿರುತ್ತಾರೆ. ಆ ಜಿಗಿತವೇ ಕ್ಯಾಂಪಿನಲ್ಲಿ ಬೆಳೆದ ಮಕ್ಕಳಿಗೆ ಮುಂದೆ ಜೀವನಪೂರ್ತಿ ಹೇಳಿಕೊಂಡು ನಗಲು ಸಾಕಾಗುವಷ್ಟು ತಮಾಷೆ ಒದಗಿಸಿತು. ಕತ್ತರಿ ಹಿಡಿದವನು ಹಾಸ್ಯಗಾರನಾಗಲು ಹೊರಟಿರಲಿಲ್ಲ, ಪಾಪ.

ಸೌದಿ ಸರ್ಕಾರದ ಟಿವಿ 1965ರಲ್ಲಿ ರಿಯಾದ್ ಮತ್ತು ಜೆದ್ದಾಗಳಲ್ಲಿ ಶುರುವಾಯಿತು. 1969ರಲ್ಲಿ ದಮ್ಮಾಮ್‌ಗೂ ಬಂತು. ಅರಬ್ಬಿ ಪ್ರಸಾರದ ಹೊಣೆ ಸರ್ಕಾರದ್ದಾದ ಮೇಲೆ, 1970ರ ಸುಮಾರಿಗೆ, ಅರಾಮ್ಕೊ ಅರಬ್ಬಿಯನ್ನು ಬಿಟ್ಟು ಇಂಗ್ಲಿಷ್ ಕೇಂದ್ರವಾಗಿ ಉಳಿಯಿತು. ‘ಚಾನೆಲ್ 3’ ಎಂಬ ಹೆಸರಿನಲ್ಲಿ 1998ರ ಕೊನೆಯ ದಿನದವರೆಗೂ ನಡೆಯಿತು. ಕಂಪನಿಯ ಎಫ್‌ಎಂ ಕೇಂದ್ರಗಳು, ಅವುಗಳ ಪಾಶ್ಚಾತ್ಯ ಸಂಗೀತ, ಟಿವಿಗಿಂತ ದೀರ್ಘಾಯುಷಿಗಳಾದವು. ಅರಾಮ್ಕೊದ ಇತಿಹಾಸದಲ್ಲಿ ಸಂಗೀತ ರೇಡಿಯೊಕ್ಕೆ, ನಗೆ ಟಿವಿಗೆ ಎಂದು ಪಾಲಾದಂತೆ ಕಾಣುತ್ತದೆ. ಟಾಕ್ ಶೋ ಬೆಸೆದ ಎರಡನ್ನು ದಹ್ರಾನ್ ಬಿಡಿಸಿಟ್ಟಿತ್ತು.

ಒಂದು ನಗೆಮಾತಿನ ಹಿಂದೆ

ದಹ್ರಾನ್ ಟಾಕ್ ಶೋವನ್ನು ನೋಡಿದ್ದಕ್ಕಿಂತ ಟಾಕ್ ಶೋಗೆ ಸರಕು ಒದಗಿಸಿದ್ದೇ ಹೆಚ್ಚು ಎನ್ನಿಸುವ ಪ್ರಸಂಗವೊಂದಿದೆ. 1973ರ ಅಕ್ಟೋಬರ್‌ನ ಅರಬ್-ಇಸ್ರೇಲ್ ಯುದ್ಧದ ಹೊತ್ತಿನಲ್ಲಿ ದೊರೆ ಫೈಸಲ್ ಅಮೆರಿಕಕ್ಕೆ ತೈಲ ನಿಲ್ಲಿಸುವಂತೆ ಅಪ್ಪಣೆ ಮಾಡಿದರು. ಅದನ್ನು ಜಾರಿಗೆ ತರಬೇಕಾದದ್ದು ದಹ್ರಾನ್‌ನಲ್ಲಿ ಕುಳಿತ ಅರಾಮ್ಕೊ, ಅಂದರೆ ಆಗ ಬಹುಪಾಲು ಅಮೆರಿಕನ್ ಒಡೆತನದಲ್ಲಿದ್ದ ಕಂಪನಿ. ತಮ್ಮ ಸರ್ಕಾರದ ನೌಕಾಪಡೆಗೂ ಎಣ್ಣೆ ಹೋಗದಂತೆ ಅಮೆರಿಕನ್ ವ್ಯವಸ್ಥಾಪಕರೇ ನಲ್ಲಿ ತಿರುಗಿಸಿದರು. ಅಮೆರಿಕದ ಪೆಟ್ರೋಲ್ ಬಂಕ್‌ಗಳ ಮುಂದೆ ಸಾಲು ಬೆಳೆಯಿತು. ಯಾವುದಕ್ಕೆ ಯಾವಾಗ ಕೊರತೆ ಬರುವುದೋ ಎಂಬ ದಿಗಿಲು ಮನೆಮನೆಗೆ ಹೊಕ್ಕಿತು.

ಆ ಡಿಸೆಂಬರ್ 19ರ ರಾತ್ರಿ ಕಾರ್ಸನ್ ತಮ್ಮ ಆರಂಭದ ಮಾತಿನಲ್ಲಿ, ಈಗ ಟಾಯ್ಲೆಟ್ ಪೇಪರಿಗೂ ಕೊರತೆಯಂತೆ ಎಂದು ತಮಾಷೆ ಮಾಡಿದರು. ಸರ್ಕಾರಿ ಖರೀದಿಗೆ ಕಾಗದ ಸಾಲುತ್ತಿಲ್ಲ ಎಂದು ವಿಸ್ಕಾನ್ಸಿನ್‌ನ ಕಾಂಗ್ರೆಸ್ ಸದಸ್ಯರೊಬ್ಬರು ಹೇಳಿದ್ದೇ ಅದಕ್ಕೆ ಆಧಾರ. ಮರುದಿನ ಜನ ಅಂಗಡಿಗಳಿಗೆ ನುಗ್ಗಿ ಕಟ್ಟುಗಟ್ಟಲೆ ಹೊತ್ತೊಯ್ದರು, ಇಲ್ಲದ ಕೊರತೆ ನಿಜವಾಗಿಯೇ ಉಂಟಾಯಿತು. ಕಾರ್ಸನ್ ಆಮೇಲೆ ಪರದೆಯ ಮೇಲೇ ವಿವರಣೆ ಕೊಡಬೇಕಾಯಿತು. ಎಣ್ಣೆಯ ನಲ್ಲಿ ತಿರುಗಿಸಿದ್ದು ದಹ್ರಾನ್‌ನಲ್ಲಿ, ಕಾಗದದ ಸುರುಳಿ ಖಾಲಿಯಾದದ್ದು ಅಮೆರಿಕದ ಅಂಗಡಿಗಳಲ್ಲಿ, ನಡುವೆ ಒಬ್ಬ ಹಾಸ್ಯಗಾರ.

ಆಂಟೆನಾ ತಿರುಗಿಸಿದ ಕಾಲ

1979ರ ನವೆಂಬರ್‌ನಲ್ಲಿ ಮೆಕ್ಕಾದ ಮಹಾಮಸೀದಿಯನ್ನು ಬಂಡುಕೋರರು ವಶಪಡಿಸಿಕೊಂಡ ಘಟನೆಯ ನಂತರ ಸೌದಿಯ ಸಾರ್ವಜನಿಕ ಬದುಕು ಬಿಗಿಯಾಯಿತು. ಸರ್ಕಾರಿ ಟಿವಿಯಿಂದ ಗಾಯಕಿಯರು ಮರೆಯಾದರು. ಸಿನಿಮಾ ಮಂದಿರಗಳು ಮುಂದೆ ಮೂವತ್ತಕ್ಕೂ ಹೆಚ್ಚು ವರ್ಷ ಇರಲಿಲ್ಲ. ಕ್ಯಾಂಪಿನ ಒಳಗೆ ನೌಕರರ ಮಂದಿರದಲ್ಲಿ ಚಿತ್ರ ಓಡುತ್ತಿತ್ತು, ಬೇಲಿಯ ಹೊರಗೆ ಇಲ್ಲ.

ಪೂರ್ವ ಪ್ರಾಂತದವರಿಗೆ ಒಂದು ಅನುಕೂಲವಿತ್ತು: ಸಮುದ್ರದಾಚೆಯ ನೆರೆಹೊರೆ. ಬಹರೇನ್, ಕುವೈತ್, ಕತಾರ್ ಕೇಂದ್ರಗಳ ಅಲೆಗಳು ಗಡಿ ಕೇಳುವುದಿಲ್ಲ. ಮಾಳಿಗೆಯ ಆಂಟೆನಾ ತಿರುಗಿಸಿದರೆ ಸಾಕು, ಬೇಸಿಗೆಯ ತೇವದ ರಾತ್ರಿಗಳಲ್ಲಿ ನೂರಾರು ಕಿಲೋಮೀಟರ್ ದೂರದ ಕೇಂದ್ರವೂ ನಿಚ್ಚಳವಾಗಿ ಬರುತ್ತಿತ್ತು. ಕೊಲ್ಲಿಯ ನಗೆಗೆ ಆಗ ರಾಜಧಾನಿ ಕುವೈತ್. ಅಬ್ದುಲ್‌ಹುಸೇನ್ ಅಬ್ದುಲ್‌ರೆಧಾ ಮತ್ತು ಸಾದ್ ಅಲ್-ಫರಾಜ್ ಅಭಿನಯದ ‘ದರ್ಬ್ ಅಲ್-ಜಲಗ್’ 1977ರ ಧಾರಾವಾಹಿ. ಎಣ್ಣೆ ಹಣದಿಂದ ದಿಢೀರ್ ಶ್ರೀಮಂತರಾದ ಅಣ್ಣತಮ್ಮಂದಿರು ಮೂರ್ಖ ವ್ಯಾಪಾರಗಳಲ್ಲಿ ಎಲ್ಲ ಕಳೆದುಕೊಳ್ಳುವ ಕಥೆ. ಎಣ್ಣೆಯ ಊರಲ್ಲಿ ಕೂತು ಅದನ್ನು ನೋಡಿ ನಕ್ಕವರಿಗೆ ಅದು ಯಾರ ಕಥೆಯೆಂದು ಯಾರೂ ಹೇಳಬೇಕಾಗಿರಲಿಲ್ಲ.

1986ರ ನವೆಂಬರ್‌ನಲ್ಲಿ ಖೋಬರ್‌ನಿಂದ ಬಹರೇನ್‌ಗೆ 25 ಕಿಲೋಮೀಟರ್ ಉದ್ದದ ದೊರೆ ಫಹದ್ ಸೇತುವೆ ತೆರೆಯಿತು. ಅಲ್ಲಿಯವರೆಗೆ ಅಲೆಗಳು ಮಾತ್ರ ಬರುತ್ತಿದ್ದವು, ಈಗ ಜನರೇ ಹೋಗಬಹುದಾಯಿತು. ವಾರಾಂತ್ಯ ಬಂತೆಂದರೆ ಸಿನಿಮಾಕ್ಕೆ, ಸಂಗೀತಕ್ಕೆ, ನಗೆಕೂಟಕ್ಕೆ ಬಹರೇನ್.

ಯುದ್ಧದ ರಾತ್ರಿಗಳು

1990ರ ಆಗಸ್ಟ್‌ನಲ್ಲಿ ಇರಾಕ್ ಕುವೈತನ್ನು ನುಂಗಿದ ಮೇಲೆ ದಹ್ರಾನ್ ವಾಯುನೆಲೆಗೆ ಅಮೆರಿಕನ್ನರು ಮರಳಿದರು, ಜೊತೆಗೆ ಅವರ ಮನರಂಜನೆಯೂ ಬಂತು, ಆದರೆ ಸ್ಥಳೀಯ ನಿಯಮಗಳ ಒಳಗೆ. ಅಕ್ಟೋಬರ್‌ನಲ್ಲಿ ಸೌದಿಗೆ ಬಂದ ನಟ ಸ್ಟೀವ್ ಮಾರ್ಟಿನ್ ಕಾರ್ಯಕ್ರಮ ಕೊಡದೆ ಸೈನಿಕರ ಕೈಕುಲುಕಿ ಹಸ್ತಾಕ್ಷರ ಹಾಕಿಕೊಟ್ಟು ಹೋದರು. ಕ್ರಿಸ್‌ಮಸ್‌ಗೆ 87ರ ಹರೆಯದ ಬಾಬ್ ಹೋಪ್ ತಂಡ ಬಂತು. ಅದರ ಗಾಯಕಿಯರಿಗೆ ಸೌದಿ ನೆಲದಲ್ಲಿ ಹಾಡಲು ಅವಕಾಶ ಸಿಗಲಿಲ್ಲ. ಹೋಪ್ ಅವರ ಹೆಂಡತಿ ಡೊಲೊರೆಸ್ ಒಬ್ಬರೇ ಹಾಡಿದರು. ಅಧಿಕಾರಿಗಳ ಕಣ್ಣಿಗೆ ಗೃಹಿಣಿಯ ಹಾಡು ಕಲಾವಿದೆಯ ಹಾಡಿಗಿಂತ ನಿರಪಾಯವಾಗಿ ಕಂಡಿರಬೇಕು.

ಯುದ್ಧ ಶುರುವಾದಾಗ ಪತ್ರಕರ್ತರು ದಹ್ರಾನ್‌ನಲ್ಲಿ ಬೀಡುಬಿಟ್ಟಿದ್ದರು. ಎನ್‌ಬಿಸಿಯ ಆರ್ಥರ್ ಕೆಂಟ್ ಇಲ್ಲಿಂದಲೇ ಸ್ಕಡ್ ಕ್ಷಿಪಣಿಗಳ ಕೆಳಗೆ ನಿಂತು ವರದಿ ಮಾಡಿ, ‘ಸ್ಕಡ್’ ಹೆಸರು ಸೇರಿಸಿದ ಒಂದು ಪೋಲಿ ಅಡ್ಡಹೆಸರನ್ನೂ ಗಳಿಸಿದರು. ಎನ್‌ಬಿಸಿಯದೇ ತಡರಾತ್ರಿಯ ‘ಸಾಟರ್ಡೇ ನೈಟ್ ಲೈವ್’ 1991ರ ಫೆಬ್ರುವರಿ 9ರಂದು ಸೇನೆಯ ಪತ್ರಿಕಾಗೋಷ್ಠಿಯನ್ನು ಅಣಕಿಸಿತು. ವರದಿಗಾರರು ಒಬ್ಬೊಬ್ಬರಾಗಿ ಎದ್ದು, ನೀವು ಯಾವಾಗ, ಎಲ್ಲಿಂದ ದಾಳಿ ಮಾಡುತ್ತೀರಿ ಎಂದು ಶತ್ರುವಿನ ಪರವಾಗಿಯೇ ಕೇಳುವ ಪ್ರಹಸನ ಅದು. ಎರಡು ವಾರದ ನಂತರ, ಫೆಬ್ರುವರಿ 25ರ ರಾತ್ರಿ, ಒಂದು ಸ್ಕಡ್ ಇಲ್ಲಿನ ಸೈನಿಕರ ವಸತಿಗೆ ಬಡಿದು 28 ಅಮೆರಿಕನ್ನರು ಸತ್ತರು.

ಡಿಶ್, ಅಡಿಬರಹ, ರಮ್ಜಾನ್

ಉಪಗ್ರಹ ವಾಹಿನಿಗಳು ಬಂದಾಗ ಸರ್ಕಾರ 1994ರಲ್ಲಿ ಡಿಶ್ ಆಂಟೆನಾಗಳನ್ನು ನಿಷೇಧಿಸಿತು. ಮಾಳಿಗೆಗಳು ನಿಷೇಧವನ್ನು ಲೆಕ್ಕಿಸಲಿಲ್ಲ. ತಮಾಷೆಯೆಂದರೆ ದೊಡ್ಡ ಅರಬ್ಬಿ ಉಪಗ್ರಹ ಜಾಲಗಳ ಒಡೆಯರೂ ಸೌದಿಗಳೇ, ಪ್ರಸಾರ ಮಾತ್ರ ಲಂಡನ್ನಿನಿಂದ, ರೋಮಿನಿಂದ.

ಅಮೆರಿಕದ ಟಾಕ್ ಶೋ ಇಡಿಯಾಗಿ, ಅಂದರೆ ಬ್ಯಾಂಡ್, ನಗು, ಹಾಡು, ಸುದ್ದಿಯ ಚುಚ್ಚು ಎಲ್ಲ ಒಟ್ಟಿಗೆ, ಸೌದಿ ಮನೆಗಳಿಗೆ ಬಂದದ್ದು ಈ ದಾರಿಯಲ್ಲಿ. 2005ರಲ್ಲಿ ಶುರುವಾದ ಎಂಬಿಸಿ 4 ವಾಹಿನಿ ಡೇವಿಡ್ ಲೆಟರ್‌ಮನ್ ಕಾರ್ಯಕ್ರಮವನ್ನು ಅರಬ್ಬಿ ಅಡಿಬರಹದೊಂದಿಗೆ ಬಿತ್ತರಿಸುತ್ತಿತ್ತು. ಅರಾಮ್ಕೊ ಕಾಲದ ಡಬ್ಬಿಂಗಿಗೂ ಇದಕ್ಕೂ ಅಜಗಜಾಂತರ. ಅಡಿಬರಹ ಮೂಲದ ದನಿಯನ್ನು ಮುಟ್ಟುವುದಿಲ್ಲ. ಪಾಲ್ ಶಾಫರ್ ಕೀಬೋರ್ಡ್ ಮೇಲೆ ಬೆರಳಾಡಿಸಿ ಲೆಟರ್‌ಮನ್ ಮಾತಿಗೆ ಉತ್ತರ ಕೊಡುವುದು ಹಾಗೇ ಕೇಳುತ್ತದೆ. ಅರ್ಥ ಅರ್ಧ ತಿಳಿದರೂ ಲಯ ಪೂರ್ತಿ ತಲುಪುತ್ತದೆ. 2009ರಲ್ಲಿ ಅಮೆರಿಕದ ರಾಜತಾಂತ್ರಿಕರು ಸೌದಿಯಿಂದ ತಮ್ಮ ಸರ್ಕಾರಕ್ಕೆ ಒಂದು ವರದಿ ಬರೆದರು. ಮುಂದಿನ ವರ್ಷ ವಿಕಿಲೀಕ್ಸ್ ಬಯಲು ಮಾಡಿದ ದಾಖಲೆಗಳಲ್ಲಿ ಅದೂ ಇತ್ತು. ಲೆಟರ್‌ಮನ್‌ರನ್ನು ಪ್ರಭಾವ ಬೀರುವ ಏಜೆಂಟ್ ಎಂದು ತಮಾಷೆಯಾಗಿ ಕರೆಯುವ ಶೀರ್ಷಿಕೆಯ ಆ ವರದಿಯ ಸಾರ ಇಷ್ಟೆ: ಅಮೆರಿಕ ಸರ್ಕಾರ ಹಣ ಸುರಿದು ನಡೆಸುತ್ತಿದ್ದ ಅಲ್-ಹುರ್ರಾ ವಾಹಿನಿಗಿಂತ ಇಂಥ ಮನರಂಜನೆಯ ಕಾರ್ಯಕ್ರಮಗಳೇ ಸೌದಿ ಯುವಜನರ ಮೇಲೆ ಹೆಚ್ಚು ಪರಿಣಾಮ ಬೀರುತ್ತಿವೆ. ಅರ್ಧ ಶತಮಾನದ ಹಿಂದೆ ಅರಾಮ್ಕೊ ಹಾಕಿದ ಲೆಕ್ಕಾಚಾರವೇ ಇನ್ನೊಂದು ಕಚೇರಿಯ ಕಾಗದದಲ್ಲಿ ಮರಳಿ ಬಂದಿತ್ತು.

ಸೌದಿಯ ಸ್ವಂತ ನಗೆ ಅಷ್ಟರಲ್ಲಿ ಗಟ್ಟಿಯಾಗಿತ್ತು. ನಾಸರ್ ಅಲ್-ಕಸಬಿ ಮತ್ತು ಅಬ್ದುಲ್ಲಾ ಅಲ್-ಸದ್ಹಾನ್ ಜೋಡಿಯ ‘ತಾಶ್ ಮಾ ತಾಶ್’ 1993ರಿಂದ ಪ್ರತಿ ರಮ್ಜಾನ್‌ನಲ್ಲಿ ಇಫ್ತಾರ್ ಮುಗಿದ ಹೊತ್ತಿಗೆ ಬರುತ್ತಿತ್ತು. ಸರ್ಕಾರಿ ಕಚೇರಿ, ಗಂಡಾಳಿಕೆ, ಧರ್ಮದ ಹೆಸರಿನ ಅತಿರೇಕ ಯಾವುದನ್ನೂ ಬಿಡದೆ ಕೆಣಕಿತು, ಫತ್ವಾಗಳನ್ನೂ ಎದುರಿಸಿತು, 2011ರವರೆಗೆ ನಡೆದು 2023ರಲ್ಲಿ ಮರಳಿತು. ಕೊಲ್ಲಿಯ ದೇಶಗಳಲ್ಲಿ ‘ತಡರಾತ್ರಿಯ ಟಿವಿ’ ಎಂಬ ಮಾತಿಗೆ ನಿಜವಾದ ಅರ್ಥ ಬರುವುದೇ ರಮ್ಜಾನ್‌ನಲ್ಲಿ. ಹಗಲು ಮಲಗಿ ಇರುಳು ಏಳುವ ಆ ತಿಂಗಳಲ್ಲಿ ಸಹರಿಯವರೆಗೂ ಮನೆ ಎಚ್ಚರವಾಗಿರುತ್ತದೆ, ಟಿವಿಯೂ.

ವಾದ್ಯವಿಲ್ಲದ ಹಾಡು

ಈ ಚರಿತ್ರೆಯ ಅತ್ಯಂತ ಜೀವಂತ ಅಧ್ಯಾಯ ಯೂಟ್ಯೂಬ್‌ನದು. ದಹ್ರಾನ್‌ಗೆ ಅಂಟಿಕೊಂಡ ಖೋಬರ್‌ನವರಾದ ಫಹದ್ ಅಲ್‌ಬುತೈರಿ ಟೆಕ್ಸಸ್‌ನಲ್ಲಿ ಭೂವಿಜ್ಞಾನ ಓದಿ ಎಣ್ಣೆಯ ಉದ್ಯೋಗಕ್ಕೆ ಸೇರಿದ್ದವರು. ನಿಂತು ನಗಿಸುವ ಹಾಸ್ಯಕ್ಕೆ ಅವರಿಗೆ ವೇದಿಕೆ ಸಿಕ್ಕಿದ್ದು 2008ರಲ್ಲಿ, ಸೇತುವೆಯ ಆಚೆ ಬಹರೇನ್‌ನಲ್ಲಿ. 2010ರಲ್ಲಿ ಅವರು ‘ಲಾ ಯಕ್ಸರ್’ ಎಂಬ ಯೂಟ್ಯೂಬ್ ಕಾರ್ಯಕ್ರಮ ಶುರುಮಾಡಿದರು. ಅತಿಯಾಯಿತು, ಸಾಕು ಮಾಡು ಎಂಬಂಥ ಆಡುಮಾತು ಅದು. ನಿರೂಪಕ, ಸುದ್ದಿಯ ತುಣುಕು, ಚುಚ್ಚುಮಾತು, ಕಿರುಪ್ರಹಸನ: ನೋಡಿದರೆ ಕಾರ್ಸನ್ ಅಚ್ಚೇ. ಆದರೆ ಸಭಿಕರಿಲ್ಲ, ಬ್ಯಾಂಡ್ ಇಲ್ಲ, ಐದು ಹತ್ತು ನಿಮಿಷದಲ್ಲಿ ಮುಗಿಯುತ್ತಿತ್ತು. ಇದೇ ಬಳಗದಿಂದ ‘ತೆಲ್ಫಾಜ್11’ ಎಂಬ ಸಂಸ್ಥೆ ಬೆಳೆಯಿತು.

2013ರ ಅಕ್ಟೋಬರ್ 26 ಸೌದಿ ಮಹಿಳೆಯರು ವಾಹನ ಚಾಲನೆಯ ಹಕ್ಕಿಗಾಗಿ ಗೊತ್ತುಮಾಡಿಕೊಂಡಿದ್ದ ದಿನ. ಅವತ್ತೇ ಹಾಸ್ಯಗಾರ ಹಿಶಾಮ್ ಫಗೀಹ್, ಅಲ್‌ಬುತೈರಿ ಮತ್ತು ಗಾಯಕ ಅಲಾ ವಾರ್ದಿ ‘ನೋ ವುಮನ್, ನೋ ಡ್ರೈವ್’ ಎಂಬ ವಿಡಿಯೊ ಬಿಟ್ಟರು. ಬಾಬ್ ಮಾರ್ಲಿಯ ಪ್ರಸಿದ್ಧ ಹಾಡಿನ ಅಣಕ. ವಾದ್ಯ ನಿಷಿದ್ಧವೆಂದು ನಂಬುವ ಭಕ್ತನ ಮುಖ ಹೊತ್ತು ಫಗೀಹ್ ಹಾಡಿದರು. ಬಾಸ್, ತಾಳ, ಸ್ವರಮೇಳ ಎಲ್ಲ ಬಾಯಿಂದಲೇ, ಸಿಳ್ಳೆಯಿಂದಲೇ. ಕೆಲವೇ ದಿನಗಳಲ್ಲಿ ಲಕ್ಷಗಟ್ಟಲೆ ಜನ ನೋಡಿದರು. ಇದರ ಚಮತ್ಕಾರ ಸಾಹಿತ್ಯದಲ್ಲಿ ಎಷ್ಟಿದೆಯೋ ವಾದ್ಯದ ಗೈರುಹಾಜರಿಯಲ್ಲಿ ಅಷ್ಟೇ ಇದೆ. ಸಂಗೀತಕ್ಕಿದ್ದ ಕಟ್ಟುಪಾಡನ್ನು ಸಂಗೀತದಿಂದಲೇ ಅಣಕಿಸಿದ ಆ ನಾಲ್ಕು ನಿಮಿಷದಲ್ಲಿ ನಗೆ ಮತ್ತು ಹಾಡು ಮತ್ತೆ ಒಂದೇ ಪಟ್ಟಿಗೆ ಬಂದವು. ನನ್ನ ಲೆಕ್ಕದಲ್ಲಿ ಇಡೀ ಸೌದಿ ಹಾಸ್ಯದಲ್ಲಿ ಇದಕ್ಕಿಂತ ಅಚ್ಚುಕಟ್ಟಾದ ಕೆಲಸ ಇನ್ನೊಂದಿಲ್ಲ. ಚಾಲನೆಯ ನಿಷೇಧ 2018ರ ಜೂನ್ 24ರಂದು ಕೊನೆಗೊಂಡಿತು.

ಅದೇ ವರ್ಷದ ಏಪ್ರಿಲ್‌ನಲ್ಲಿ ದೇಶದಲ್ಲಿ ಸಿನಿಮಾ ಮಂದಿರಗಳು ಮರಳಿದವು. ದಹ್ರಾನ್‌ನಲ್ಲಿ ಮೊದಲ ತೈಲಬಾವಿಗಳ ಹತ್ತಿರ ಅರಾಮ್ಕೊ ಕಟ್ಟಿಸಿದ ‘ಇಸ್ರಾ’ ಸಂಸ್ಕೃತಿ ಕೇಂದ್ರವೂ ಸಾರ್ವಜನಿಕರಿಗೆ ತೆರೆಯಿತು. ನಾರ್ವೆಯ ಸ್ನೋಹೆಟ್ಟಾ ಸಂಸ್ಥೆ ವಿನ್ಯಾಸ ಮಾಡಿದ, ಒಂದಕ್ಕೊಂದು ಒರಗಿದ ಉರುಟು ಕಲ್ಲುಗಳಂತೆ ಕಾಣುವ ಕಟ್ಟಡ. ಅದರ ರಂಗಮಂದಿರದಲ್ಲಿ ಸುಮಾರು 900 ಆಸನಗಳಿವೆ. ಸೌದಿ ಚಲನಚಿತ್ರೋತ್ಸವವೂ ಈಗ ಅಲ್ಲೇ ನಡೆಯುತ್ತದೆ.

ಕನ್ನಡದ ಮನೆಗಳಲ್ಲಿ

1970ರ ದಶಕದ ತೈಲದ ಉಬ್ಬರದಿಂದ ಈಚೆಗೆ ಪೂರ್ವ ಪ್ರಾಂತಕ್ಕೆ ದುಡಿಯಲು ಬಂದ ಕನ್ನಡನಾಡಿನವರಲ್ಲಿ ಕರಾವಳಿಯವರು ಬಹಳ. ಮಂಗಳೂರು, ಉಡುಪಿ, ಭಟ್ಕಳ, ಕಾಸರಗೋಡಿನ ಕಡೆಯವರು. ಮನೆಯೊಳಗೆ ತುಳು, ಬ್ಯಾರಿ, ಕೊಂಕಣಿ, ನವಾಯತಿ, ಕನ್ನಡ. 1999ರಲ್ಲಿ ದೊರೆ ಫಹದ್ ವಿಮಾನ ನಿಲ್ದಾಣ ತೆರೆಯುವವರೆಗೂ ಅವರೆಲ್ಲ ಇಳಿದದ್ದು ದಹ್ರಾನ್‌ನಲ್ಲೇ. ಅವರ ಮೊದಲ ಮನರಂಜನೆ ಸೂಟ್‌ಕೇಸಿನಲ್ಲಿ ಬಂದ ಕ್ಯಾಸೆಟ್: ಯಕ್ಷಗಾನದ ಪ್ರಸಂಗ, ತುಳು ಹಾಸ್ಯ ನಾಟಕ, ರಾಜ್‌ಕುಮಾರ್ ಹಾಡು. ರಜೆಯಿಂದ ಮರಳಿದವನ ಪೆಟ್ಟಿಗೆಯಲ್ಲಿ ಉಪ್ಪಿನಕಾಯಿಯಷ್ಟೇ ಅದಕ್ಕೂ ಬೇಡಿಕೆ. ವೇದಿಕೆ ಬೇಕಾದಾಗ ಇವರೂ ಸೇತುವೆ ದಾಟಿದರು. ಬಹರೇನ್‌ನ ಕನ್ನಡ ಸಂಘಕ್ಕೆ ಯಕ್ಷಗಾನದ ಗಟ್ಟಿ ಪರಂಪರೆಯಿದೆ.

ಉದಯ ಟಿವಿ 1994ರಲ್ಲಿ, ಈಟಿವಿ ಕನ್ನಡ 2000ದಲ್ಲಿ ಆರಂಭವಾಗಿ, ಡಿಶ್ ಮೂಲಕ ಕೊಲ್ಲಿಗೂ ಮುಟ್ಟಿದ ಮೇಲೆ ಮಾತು ಬದಲಾಯಿತು. ಉದಯದ ‘ಹರಟೆ’ಯಲ್ಲಿ ನಗೆಯಿತ್ತು, ಹಾಡಿರಲಿಲ್ಲ. ಎಸ್.ಪಿ. ಬಾಲಸುಬ್ರಹ್ಮಣ್ಯಂ ನಡೆಸಿದ ‘ಎದೆ ತುಂಬಿ ಹಾಡುವೆನು’ದಲ್ಲಿ ಹಾಡಿನ ನಡುವೆ ಅವರ ಹರಟೆಯೂ ನಗುವೂ ಬೆರೆತಿರುತ್ತಿದ್ದವು. ಎರಡನ್ನೂ ಬ್ಯಾಂಡ್ ಸಮೇತ ಒಂದೇ ಮನೆಯಂಗಳಕ್ಕೆ ತಂದದ್ದು 2015ರ ‘ಮಜಾ ಟಾಕೀಸ್’. ಹಿಂದಿಯ ಕಪಿಲ್ ಶರ್ಮ ಕಾರ್ಯಕ್ರಮದ ನೆರಳು ಅದರ ಮೇಲಿದ್ದದ್ದು ನಿಜ. ಆದರೂ ಸೃಜನ್ ಲೋಕೇಶ್ ನಿರೂಪಣೆಗೆ ಕಂಪನಿ ನಾಟಕದ ರಕ್ತವಿತ್ತು, ಅವರು ಸುಬ್ಬಯ್ಯ ನಾಯ್ಡು ಅವರ ಮೊಮ್ಮಗ. ಅಚ್ಚಕನ್ನಡದ ನಿರೂಪಣೆಗೆ ಹೆಸರಾಗಿದ್ದ ಅಪರ್ಣಾ ಅದರಲ್ಲಿ ವರಲಕ್ಷ್ಮಿಯಾಗಿ ತಮ್ಮ ಗಾಂಭೀರ್ಯವನ್ನೇ ಗೇಲಿ ಮಾಡಿಕೊಂಡರು. ಅವರು 2024ರ ಜುಲೈ 11ರಂದು ತೀರಿಕೊಂಡರು.

ಇನ್ನು ಗಡಿಯಾರದ ವಿಷಯ. ದಹ್ರಾನ್ ಭಾರತಕ್ಕಿಂತ ಎರಡೂವರೆ ಗಂಟೆ ಹಿಂದೆ, ನ್ಯೂಯಾರ್ಕಿಗಿಂತ ಚಳಿಗಾಲದಲ್ಲಿ ಎಂಟು ಗಂಟೆ ಮುಂದೆ. ಅಲ್ಲಿ ರಾತ್ರಿ 11.30ಕ್ಕೆ ಶುರುವಾಗುವ ಟಾಕ್ ಶೋ ಹೊತ್ತಿಗೆ ಇಲ್ಲಿ ಬೆಳಗಿನ 7.30, ಕಚೇರಿಯ ಬಸ್ಸು ಹೊರಟಿರುತ್ತದೆ. ಬೆಂಗಳೂರಿನ ರಾತ್ರಿ 9ರ ಕಾರ್ಯಕ್ರಮ ಇಲ್ಲಿ ಸಂಜೆ 6.30ಕ್ಕೆ, ಕೆಲಸದಿಂದ ಬಂದವನು ಚಹಾದ ಲೋಟ ಹಿಡಿದು ಕೂತಾಗ. ಸೌದಿಯ ವಾರದ ರಜೆ 2013ರ ಜೂನ್‌ವರೆಗೆ ಗುರುವಾರ ಶುಕ್ರವಾರ ಇತ್ತು, ಆಮೇಲೆ ಶುಕ್ರವಾರ ಶನಿವಾರ ಆಯಿತು. ಕನ್ನಡ ವಾಹಿನಿಗಳ ಭಾನುವಾರದ ನಗೆಯನ್ನು ದಹ್ರಾನ್‌ನವರು ಈಗ ವಾರದ ಮೊದಲ ಕೆಲಸದ ದಿನ ನೋಡುತ್ತಾರೆ.